ಶ್ರೀರಂಗಪಟ್ಟಣವನ್ನು ಕಾದಂಬರಿಗೆ ತಂದ ಬರ್ನಾರ್ಡ್ ಕಾರ್ನ್‌ವೆಲ್

1799ರ ಮೇ 4ರಂದು ಶ್ರೀರಂಗಪಟ್ಟಣದ ಕೋಟೆಯೊಳಗೆ ಟಿಪ್ಪು ಸುಲ್ತಾನ್ ಹತನಾದ. ಅವನನ್ನು ಕೊಂದ ಸಿಪಾಯಿ ಯಾರೆಂಬುದು ಇಂದಿಗೂ ಖಚಿತವಾಗಿಲ್ಲ. ಇತಿಹಾಸ ಖಾಲಿ ಬಿಟ್ಟ ಆ ಸ್ಥಳದಲ್ಲಿ ತನ್ನ ನಾಯಕನನ್ನು ನಿಲ್ಲಿಸಿದವರು ಇಂಗ್ಲಿಷ್ ಕಾದಂಬರಿಕಾರ ಬರ್ನಾರ್ಡ್ ಕಾರ್ನ್‌ವೆಲ್.

ಜೀವನ

ಕಾರ್ನ್‌ವೆಲ್ 1944ರಲ್ಲಿ ಲಂಡನ್ನಿನಲ್ಲಿ ಜನಿಸಿದರು. ತಂದೆ ಕೆನಡಾದ ವಾಯುಪಡೆಯವರು, ತಾಯಿ ಬ್ರಿಟನ್ನಿನ ಮಹಿಳಾ ವಾಯುದಳದಲ್ಲಿದ್ದವರು. ಎಸೆಕ್ಸ್ ಪ್ರಾಂತ್ಯದ ವಿಗಿನ್ಸ್ ಕುಟುಂಬ ಮಗುವನ್ನು ದತ್ತು ತೆಗೆದುಕೊಂಡಿತು. ವಿನೋದ ವಿಲಾಸಗಳನ್ನು ನಿಷೇಧಿಸಿದ್ದ ಕಟ್ಟುನಿಟ್ಟಿನ ಕ್ರೈಸ್ತ ಪಂಥವೊಂದರ ಮನೆ ಅದು. ಮುಂದೆ ಅವರು ತಾಯಿಯ ಮನೆತನದ ಹೆಸರನ್ನೇ ತಮ್ಮದಾಗಿಸಿಕೊಂಡರು. ಸೈನ್ಯ ಸೇರುವ ಆಸೆಗೆ ದೃಷ್ಟಿದೋಷ ಅಡ್ಡಬಂದಿತು. ಬಳಿಕ ಬಿಬಿಸಿ ದೂರದರ್ಶನ ಸೇರಿ, ಉತ್ತರ ಐರ್ಲೆಂಡಿನಲ್ಲಿ ಅದರ ಪ್ರಚಲಿತ ವಿದ್ಯಮಾನ ವಿಭಾಗದ ಮುಖ್ಯಸ್ಥರಾದರು.

ಅಲ್ಲಿ ಪರಿಚಯವಾದ ಅಮೆರಿಕನ್ ಮಹಿಳೆ ಜೂಡಿಗಾಗಿ 1980ರಲ್ಲಿ ಅಮೆರಿಕಕ್ಕೆ ತೆರಳಿದರು. ಗ್ರೀನ್ ಕಾರ್ಡ್ ದೊರೆಯದ ಕಾರಣ ನೌಕರಿ ಮಾಡುವಂತಿರಲಿಲ್ಲ. ಸರ್ಕಾರದ ಅನುಮತಿ ಬೇಡದ ಉದ್ಯೋಗವೆಂದರೆ ಬರವಣಿಗೆ. ಹೀಗೆ ಕಾದಂಬರಿಕಾರನೊಬ್ಬ ಹುಟ್ಟಿದ.

ಶಾರ್ಪ್ ಸರಣಿ

ಸಿ. ಎಸ್. ಫಾರೆಸ್ಟರ್ ಅವರ ನೌಕಾಧಿಕಾರಿ ಹಾರ್ನ್‌ಬ್ಲೋವರ್ ಕಥೆಗಳನ್ನು ಬಾಲ್ಯದಲ್ಲೇ ಓದಿದ್ದ ಕಾರ್ನ್‌ವೆಲ್, ನೆಪೋಲಿಯನ್ ಕಾಲದ ಭೂಸೈನ್ಯಕ್ಕೆ ಅಂಥದೇ ನಾಯಕನನ್ನು ಸೃಷ್ಟಿಸಿದರು. ಅವನೇ ರಿಚರ್ಡ್ ಶಾರ್ಪ್. ಅಧಿಕಾರಿಯ ಹುದ್ದೆಯನ್ನು ಹಣಕೊಟ್ಟು ಕೊಳ್ಳುತ್ತಿದ್ದ ಸೈನ್ಯದಲ್ಲಿ ಸಾಮಾನ್ಯ ಸಿಪಾಯಿಯಾಗಿ ಸೇರಿ ಮೇಲೇರಿದ ಬಡವ. ಮೊದಲ ಕೃತಿ 'ಶಾರ್ಪ್ಸ್ ಈಗಲ್' 1981ರಲ್ಲಿ ಹೊರಬಂದಿತು. ಸರಣಿ ಇಪ್ಪತ್ತು ಕೃತಿಗಳನ್ನು ಮೀರಿ ಬೆಳೆಯಿತು. 1993ರಿಂದ ನಟ ಶಾನ್ ಬೀನ್ ಅಭಿನಯದ ದೂರದರ್ಶನ ಚಿತ್ರಗಳು ಅದನ್ನು ಮನೆಮಾತಾಗಿಸಿದವು.

ಕಾವೇರಿ ತೀರದಲ್ಲಿ

ನಾಯಕನ ಯೌವನವನ್ನು ಹುಡುಕುತ್ತಾ ಕಾರ್ನ್‌ವೆಲ್ 1997ರಲ್ಲಿ 'ಶಾರ್ಪ್ಸ್ ಟೈಗರ್' ಬರೆದರು. ನಾಲ್ಕನೇ ಮೈಸೂರು ಯುದ್ಧ ಅದರ ವಸ್ತು. ಮುಂದೆ ವೆಲ್ಲಿಂಗ್ಟನ್ ಡ್ಯೂಕ್ ಎನಿಸಿದ ಆರ್ಥರ್ ವೆಲ್ಲೆಸ್ಲಿಯ 33ನೇ ರೆಜಿಮೆಂಟಿನ ಸಿಪಾಯಿ ಶಾರ್ಪ್, ಸೈನ್ಯದಿಂದ ಓಡಿಬಂದವನಂತೆ ನಟಿಸಿ ಟಿಪ್ಪುವಿನ ಪಾಳಯ ಸೇರುತ್ತಾನೆ. ಮೈಸೂರಿಗರು ದಸರೆಯ ವಜ್ರಮುಷ್ಟಿ ಕಾಳಗದಲ್ಲಿ ಕಾಣುವ ಜಟ್ಟಿಗಳು ಇಲ್ಲಿ ಮರಣದಂಡನೆ ನೀಡುವವರಾಗಿ ಬರುತ್ತಾರೆ. ಕೊನೆಗೆ ಟಿಪ್ಪುವನ್ನು ಕೊಂದು ಒಡವೆ ದೋಚುವವನೂ ಶಾರ್ಪ್‌ನೇ. ಅಸಾಯೆ ಯುದ್ಧದ 'ಶಾರ್ಪ್ಸ್ ಟ್ರಯಂಫ್' (1998) ಹಾಗೂ ಗವಿಲ್‌ಗಡದ 'ಶಾರ್ಪ್ಸ್ ಫೋರ್ಟ್ರೆಸ್' (1999) ಇದರ ಮುಂದುವರಿಕೆ.

ಇತಿಹಾಸವೂ ಕಲ್ಪನೆಯೂ

ಕಾರ್ನ್‌ವೆಲ್ ಇತಿಹಾಸವನ್ನು ಬಗ್ಗಿಸುತ್ತಾರೆ, ಆದರೆ ಬಗ್ಗಿಸಿದ್ದನ್ನು ಮುಚ್ಚಿಡುವುದಿಲ್ಲ. ಕೃತಿಯ ಕೊನೆಯಲ್ಲಿ ಐತಿಹಾಸಿಕ ಟಿಪ್ಪಣಿ ನೀಡುವುದು ಅವರ ಪದ್ಧತಿ. ಶಾರ್ಪ್ 1809ರ ತಲವೆರಾ ಯುದ್ಧದಲ್ಲಿ ಫ್ರೆಂಚರ ಹದ್ದಿನ ಲಾಂಛನ ವಶಪಡಿಸಿಕೊಳ್ಳುತ್ತಾನೆ. ವಾಸ್ತವವಾಗಿ ಆ ಸಮರದಲ್ಲಿ ಬ್ರಿಟಿಷರಿಗೆ ಅಂಥ ಲಾಂಛನ ಮೊದಲು ದಕ್ಕಿದ್ದು 1811ರಲ್ಲಿ, ಬರೋಸಾದಲ್ಲಿ. ಶ್ರೀರಂಗಪಟ್ಟಣದ ಮದ್ದಿನ ಸ್ಫೋಟ ನಡೆದದ್ದು ಮೇ 2ರಂದು. ಕಾದಂಬರಿಯಲ್ಲಿ ಅದು ಅಂತಿಮ ದಾಳಿಯ ದಿನಕ್ಕೆ ಸರಿದಿದೆ. ಕಥೆಯ ರಭಸದಲ್ಲಿ ಟಿಪ್ಪಣಿಯನ್ನು ಬಿಟ್ಟು ಓದಿದವರಿಗೆ ಕಲ್ಪನೆಯೇ ಚರಿತ್ರೆಯಾಗಿ ಉಳಿಯುವ ಅಪಾಯವಿದೆ. ಟಿಪ್ಪುವಿನ ಹೆಸರಿನಲ್ಲಿ ವಾದವಿವಾದ ನಡೆಯುತ್ತಲೇ ಇರುವ ನಾಡಿನ ಓದುಗರು ಆ ಕೊನೆಯ ಪುಟಗಳನ್ನು ಬಿಡಬಾರದು.

ಇತರ ಕೃತಿಗಳು

ಆರ್ಥರ್ ರಾಜನ ಕುರಿತ ಕಾದಂಬರಿ ತ್ರಿವಳಿ 1995ರಲ್ಲಿ 'ದ ವಿಂಟರ್ ಕಿಂಗ್'ನೊಂದಿಗೆ ಆರಂಭವಾಯಿತು. ನಡುವಯಸ್ಸು ದಾಟಿದ ಮೇಲೆ ಹೆತ್ತ ತಂದೆಯನ್ನು ಭೇಟಿಯಾದಾಗ, ತಮ್ಮ ವಂಶ ಬೆಬ್ಬನ್‌ಬರ್ಗಿನ ಸ್ಯಾಕ್ಸನ್ ಒಡೆಯರದೆಂದು ಕಾರ್ನ್‌ವೆಲ್ ಅರಿತರು. ಅದರಿಂದ ಮೂಡಿದ ಉಟ್ರೆಡ್‌ನ ಕಥೆ 'ದ ಲಾಸ್ಟ್ ಕಿಂಗ್‌ಡಮ್'ನಿಂದ (2004) 'ವಾರ್ ಲಾರ್ಡ್'ವರೆಗೆ (2020) 13 ಸಂಪುಟಗಳಾಗಿ ಬೆಳೆಯಿತು. 2015ರಲ್ಲಿ ಕಿರುತೆರೆಗೂ ಬಂದಿತು. 2006ರಲ್ಲಿ ಬ್ರಿಟಿಷ್ ಸರ್ಕಾರ ಅವರಿಗೆ ಒಬಿಇ ಗೌರವ ನೀಡಿತು.

ಟಿಪ್ಪುವಿನ ದೇಹ ದೊರೆತ ಜಾಗವನ್ನು ಶ್ರೀರಂಗಪಟ್ಟಣದಲ್ಲಿ ಕಲ್ಲೊಂದು ಗುರುತಿಸುತ್ತದೆ. ಕೊಂದವನ ಹೆಸರು ಅಲ್ಲಿಲ್ಲ. ಆ ಹೆಸರಿರುವುದು ಕಾದಂಬರಿಯಲ್ಲಿ ಮಾತ್ರ.