ಬಣ್ಣದ ವೀರರು ಉಳಿದುಕೊಂಡ ಬಗೆ



2000ರ ದಶಕದಲ್ಲಿ ನಿಮ್ಮ ಮನೆಯಲ್ಲಿ ಚಿಕ್ಕ ಮಕ್ಕಳಿದ್ದರೆ ‘ಪವರ್ ರೇಂಜರ್ಸ್’ ಕಾಟ ನಿಮಗೆ ಗೊತ್ತಿರಲೇಬೇಕು. ಬಣ್ಣಬಣ್ಣದ ಉಡುಪಿನ ಮುಸುಕುಧಾರಿಗಳು, ಎಗರಿ ಎಗರಿ ಹೊಡೆದಾಟ, ಕೊನೆಗೊಂದು ದೈತ್ಯ ರೋಬೋಟ್! ಹಿಂದಿ ಮಾತನಾಡುತ್ತಾ ನಮ್ಮ ಮನೆಗಳಿಗೆ ಬಂದ ಈ ಅಮೆರಿಕನ್ ಧಾರಾವಾಹಿಯ ತವರು ಮಾತ್ರ ಜಪಾನ್.

1975ರ ಏಪ್ರಿಲ್ 5ರಂದು ಅಲ್ಲಿ ‘ಹಿಮಿತ್ಸು ಸೆಂಟಾಯ್ ಗೊರೆಂಜರ್’ ಶುರುವಾಯಿತು. ಸೆಂಟಾಯ್ ಎಂದರೆ ದಳ. ಕಲ್ಪನೆ ಚಿತ್ರಕಥೆಗಾರ ಶೋತಾರೊ ಇಶಿನೊಮೊರಿ ಅವರದು, ತಯಾರಿಕೆ ತೋಯೆ ಸಂಸ್ಥೆಯದು. ಐವರು ವೀರರ ಆ ಕಥೆ 84 ಕಂತು ಓಡಿತು. ಬೆನ್ನಿಗೇ ಹೊಸ ಹೊಸ ದಳಗಳು ಬಂದವು. 1992ರ ‘ಝ್ಯುರೇಂಜರ್’ನ ಹೊಡೆದಾಟದ ದೃಶ್ಯಗಳನ್ನು ಕೊಂಡು, ಮುಸುಕಿಲ್ಲದ ಭಾಗಗಳನ್ನು ತಮ್ಮ ನಟರಿಂದ ಮತ್ತೆ ಚಿತ್ರೀಕರಿಸಿ, 1993ರಲ್ಲಿ ಅಮೆರಿಕದವರು ‘ಪವರ್ ರೇಂಜರ್ಸ್’ ಹೊಲಿದರು. ಹೊಲಿಗೆ ಕಾಣಬೇಕೇ? ಅಲ್ಲಿ ಗುಲಾಬಿ ಹುಡುಗಿಯ ಉಡುಪಿಗೆ ಲಂಗವಿದೆ, ಹಳದಿ ಹುಡುಗಿಗಿಲ್ಲ. ಜಪಾನಿನಲ್ಲಿ ಹಳದಿ ವೀರ ಗಂಡಸು!

ಈ ಮೂಲ ಕಂತುಗಳು ಉಳಿದದ್ದೇ ಒಂದು ಸೋಜಿಗ. ಆ ಕಾಲದಲ್ಲಿ ವಿಡಿಯೊ ಟೇಪ್ ಬಲು ದುಬಾರಿ. ಒಂದನ್ನು ಅಳಿಸಿ ಅದರ ಮೇಲೇ ಇನ್ನೊಂದು. (ರೇಡಿಯೊದವರಿಗೂ ಇದು ಹೊಸ ಕಥೆಯಲ್ಲ ಬಿಡಿ.) ಜಪಾನಿನ ಸರಕಾರಿ ಛಾಯೆಯ ಪ್ರತಿಷ್ಠಿತ ಎನ್‌ಎಚ್‌ಕೆ 1963ರ ಏಪ್ರಿಲ್‌ನಿಂದ ಡಿಸೆಂಬರ್‌ವರೆಗೆ ಓಡಿಸಿದ ಐತಿಹಾಸಿಕ ಧಾರಾವಾಹಿ ‘ಹಾನಾ ನೊ ಶೋಗಾಯ್’ನಲ್ಲಿ ಇಂದು ಉಳಿದಿರುವುದು ಮೊದಲ ಕಂತು ಮಾತ್ರ. ಮಕ್ಕಳ ಗೊರೆಂಜರ್ ಚಿತ್ರೀಕರಣಗೊಂಡದ್ದು 16 ಎಂಎಂ ಫಿಲ್ಮ್‌ನಲ್ಲಿ. ಫಿಲ್ಮ್ ಅಳಿಸಿ ಮರುಬಳಸಲು ಬಾರದು, ಹಾಗಾಗಿ ಬದುಕಿತು.

ಆದರೆ ಉಗ್ರಾಣದಲ್ಲಿದ್ದರೆ ನೋಡುವವರಿಗೇನು ಬಂತು? ಬಹಳ ವರ್ಷ ಹೊರದೇಶದವರಿಗೆ ಅಭಿಮಾನಿಗಳು ಕೈಯಿಂದ ಕೈಗೆ ದಾಟಿಸಿದ ವಿಎಚ್‌ಎಸ್ ಪ್ರತಿಗಳೇ ಗತಿ. ಆಮೇಲೆ ಅವೇ ಇಂಟರ್‌ನೆಟ್ಟಿಗೆ ಏರಿದವು. ಸಂಬಳವಿಲ್ಲದೆ, ರಾತ್ರಿ ನಿದ್ದೆಗೆಟ್ಟು ಇಂಗ್ಲಿಷ್ ಅಡಿಬರಹ ಬರೆದವರೂ ಅವರೇ. ಕಾನೂನಿನ ಪ್ರಕಾರ ತಪ್ಪು, ಒಪ್ಪೋಣ. ಆದರೂ ಬೇಡಿಕೆಯ ದೀಪ ಆರದಂತೆ ನೋಡಿಕೊಂಡವರನ್ನು ಬರೀ ಕಳ್ಳರೆನ್ನಲು ನನಗೆ ಮನಸ್ಸಿಲ್ಲ. 2015ರಲ್ಲಿ ‘ಝ್ಯುರೇಂಜರ್’ ಇಂಗ್ಲಿಷ್ ಅಡಿಬರಹದೊಂದಿಗೆ ಅಮೆರಿಕದಲ್ಲಿ ಅಧಿಕೃತ ಡಿವಿಡಿಯಾಗಿ ಬಂತು. 2020ರ ಏಪ್ರಿಲ್‌ನಲ್ಲಿ ತೋಯೆ ತಾನೇ ಯೂಟ್ಯೂಬ್ ವಾಹಿನಿ ತೆರೆದು, ಹಳೆಯ ಸರಣಿಗಳ ಮೊದಲೆರಡು ಕಂತುಗಳನ್ನು ಪುಕ್ಕಟೆಯಾಗಿ ಜಗತ್ತಿಗೆ ತೋರಿಸಿತು.

ಇತ್ತ ಎನ್‌ಎಚ್‌ಕೆ ತಾನು ಅಳಿಸಿದ ಕಾರ್ಯಕ್ರಮಗಳಿಗಾಗಿ ವೀಕ್ಷಕರನ್ನೇ ಕೇಳಿಕೊಂಡಿತು: ಮನೆಯಲ್ಲಿ ರೆಕಾರ್ಡ್ ಮಾಡಿಟ್ಟ ಹಳೆಯ ಟೇಪುಗಳಿದ್ದರೆ ದಯವಿಟ್ಟು ಕೊಡಿ ಎಂದು.