ಘಟ್ಟದ ಮೇಲಿನ ಜರ್ಮನ್

ಮಗಳನ್ನು ಓದಲು ಸ್ಟುಟ್‌ಗಾರ್ಟ್‌ಗೆ ಕಳಿಸಿರುವ ಓದುಗರೊಬ್ಬರು ಪತ್ರ ಬರೆದಿದ್ದಾರೆ. ಕ್ಲಾಸಿನಲ್ಲಿ ಕಲಿತಂತೆ ಅವಳು ಬೇಕರಿಯಲ್ಲಿ ‘ಬ್ರೋಟ್ಶೆನ್’ ಕೇಳಿದರೆ, ಅಂಗಡಿಯಾಕೆ ‘ವೆಕ್ಲೆನಾ?’ ಅಂದು ಬನ್ನು ಕೊಟ್ಟಳಂತೆ. ‘ಹೋಖ್‌ಡಾಯ್ಚ್ ಅಂದರೆ ಶ್ರೇಷ್ಠ ಜರ್ಮನ್. ಅದು ಅಲ್ಲಿಯವರಿಗೇ ಬಾರದೆ?’ ಎಂಬುದು ಅವರ ಪ್ರಶ್ನೆ.

ಈ ‘ಶ್ರೇಷ್ಠ’ ಕಂಡರೆ ನನಗೆ ಮೈಯೆಲ್ಲ ಉರಿಯುತ್ತದೆ. ‘ಹೋಖ್’ ಅನ್ನುವ ಎತ್ತರ ಮೊದಲಿಗೆ ನೆಲದ್ದು. ಉತ್ತರದ ಕಡಲಂಚಿನ ಬಯಲಿನಲ್ಲಿ ಆಡುವುದು ಪ್ಲಾಟ್. ಆಲ್ಪ್ಸ್ ಕಡೆಗೆ ನೆಲ ಏರಿದಂತೆ ಹೋಖ್‌ಡಾಯ್ಚ್. ನಾವು ಘಟ್ಟದ ಮೇಲೆ, ಘಟ್ಟದ ಕೆಳಗೆ ಅನ್ನುತ್ತೇವಲ್ಲ, ಹಾಗೆ. ಆ ಅಂಗಡಿಯಾಕೆಯ ಶ್ವೇಬಿಷ್ ಅಪ್ಪಟ ಘಟ್ಟದ ಮೇಲಿನ ನುಡಿ.

ಮಾಡುವುದಕ್ಕೆ ಕೆಳಗಿನವರು ‘ಮಾಕೆನ್’ ಅಂದರೆ ಮೇಲಿನವರು ‘ಮಾಖೆನ್’ ಅನ್ನುತ್ತಾರೆ. ಈ ಎರಡನ್ನು ಬೇರ್ಪಡಿಸುವ ಗೆರೆ ರೈನ್ ನದಿಯನ್ನು ದಾಟುವುದು ಡ್ಯುಸೆಲ್ಡಾರ್ಫ್‌ನ ಬೆನ್ರಾಟ್ ಬಳಿ. ಇನ್ನೂ ದಕ್ಷಿಣಕ್ಕೆ, ಸ್ಪೈಯರ್ ಹತ್ತಿರ, ಸೇಬಿಗೆ ‘ಅಪೆಲ್’ ಹೋಗಿ ‘ಅಪ್ಫೆಲ್’ ಬರುತ್ತದೆ. ನಡುವಿನದೆಲ್ಲ ಮಧ್ಯ ಜರ್ಮನ್.

ಆ ನಡುವೆ ಕಲೋನ್ ಇದೆ. ಅಲ್ಲಿಯವರು ಮಾಡುವುದಕ್ಕೆ ‘ಮಾಖೆ’ ಅನ್ನುತ್ತಾರೆ, ಅದು ಮೇಲಿನವರ ದನಿ. ಸೇಬಿಗೆ ಮಾತ್ರ ‘ಅಪೆಲ್’, ಹಳ್ಳಿಗೆ ‘ಡೋರ್ಪ್’. ಪುಸ್ತಕದ ‘ದಸ್’, ‘ವಸ್’ ಅವರ ಬಾಯಲ್ಲಿ ‘ದತ್’, ‘ವತ್’. ಅದು, ಏನು ಅನ್ನುವಂಥ ಪುಟ್ಟ ಮಾತುಗಳು ಇವು. ದಕ್ಷಿಣದಿಂದ ಬಂದ ಈ ದನಿ ಬದಲಾವಣೆಯ ಅಲೆ ದೊಡ್ಡ ದೊಡ್ಡ ಪದಗಳನ್ನೇ ಬದಲಿಸಿತು, ಇವುಗಳ ಮುಂದೆ ಸೋತಿತು. ಹಗಲಿಡೀ ಬಾಯಲ್ಲಿ ಹೊರಳುವ ಮಾತೇ ಎಲ್ಲಕ್ಕಿಂತ ಹಠಮಾರಿ ಎಂಬುದು ನನ್ನ ಬಹುಕಾಲದ ವಾದ; ಕಲೋನ್‌ನ ‘ದತ್’ ಒಂದೇ ಸಾಕು ಅದನ್ನು ಎತ್ತಿ ಹಿಡಿಯಲು.

ನಮ್ಮ ಕಿಟೆಲ್ಲರು 1832ರಲ್ಲಿ ಹುಟ್ಟಿದ್ದು ಪೂರ್ವ ಫ್ರೀಸ್‌ಲ್ಯಾಂಡಿನಲ್ಲಿ, ಪ್ಲಾಟ್ ಸೀಮೆ. 1903ರಲ್ಲಿ ತೀರಿಕೊಂಡ ಟ್ಯೂಬಿಂಗೆನ್ ಶ್ವೇಬಿಷ್ ಸೀಮೆ. ಕನ್ನಡಕ್ಕೆ ನಿಘಂಟು ಕೊಟ್ಟವರ ಬದುಕು ಇಷ್ಟು ದೂರದ ಎರಡು ಜರ್ಮನ್‌ಗಳ ನಡುವೆ ಚಾಚಿತ್ತು ಎಂಬುದು ನನಗೆ ಬಲು ಪ್ರಿಯವಾದ ಸಂಗತಿ.

ಹಾಗಾದರೆ ‘ಶ್ರೇಷ್ಠ’ ಎಲ್ಲಿಂದ ಹುಟ್ಟಿತು? ಲೂಥರ್ ಬೈಬಲ್ಲಿಗೆ ಬಳಸಿದ್ದು ಸ್ಯಾಕ್ಸನಿಯ ಕಚೇರಿ ಬರಹಕ್ಕೆ ಹತ್ತಿರವಾದ ಪೂರ್ವ ಮಧ್ಯ ಜರ್ಮನ್. ಮನೆಯಲ್ಲಿ ಪ್ಲಾಟ್ ಆಡುತ್ತಿದ್ದ ಉತ್ತರದವರು ಆ ಬರಹದ ಭಾಷೆಯನ್ನು ಬೇರೆಯದೊಂದು ನುಡಿಯಂತೆ ಕಲಿತರು, ಅಕ್ಷರ ಇದ್ದಂತೆ ಉಚ್ಚರಿಸಿದರು. ಹಾಗಾಗಿಯೇ ಇವತ್ತು ಅತಿ ಶುದ್ಧ ಉಚ್ಚಾರಕ್ಕೆ ಜನ ಹೆಸರಿಸುವ ಊರು ಹ್ಯಾನೋವರ್, ಹಿಂದೆ ಪ್ಲಾಟ್ ಆಡುತ್ತಿದ್ದ ಬಯಲಿನ ಊರು. ಸ್ವಂತದ್ದನ್ನು ಬಿಟ್ಟುಕೊಟ್ಟವರಿಗೆ ಶುದ್ಧರೆಂಬ ಬಿರುದು, ಉಳಿಸಿಕೊಂಡ ಅಂಗಡಿಯಾಕೆಗೆ ಭಾಷೆ ಬಾರದೆಂಬ ಹೆಸರು. ಇದು ನನಗೆ ಒಪ್ಪಿಗೆಯಿಲ್ಲ.