ಪ್ರಕ್ಷಿಪ್ತವೆನಿಸಿದ ಕಂತು, ಅಳಿದುಹೋದ ಊರು: ‘ದಿ ಸಿಂಪ್ಸನ್ಸ್’ ಕುರಿತ ಪಾಠವಿಚಾರ

1997ರ ಸೆಪ್ಟೆಂಬರ್ 28ರಂದು ಅಮೆರಿಕದ ಫಾಕ್ಸ್ ವಾಹಿನಿಯಲ್ಲಿ ‘ದಿ ಸಿಂಪ್ಸನ್ಸ್’ ಹಾಸ್ಯ ಧಾರಾವಾಹಿಯ ‘ದಿ ಪ್ರಿನ್ಸಿಪಲ್ ಅಂಡ್ ದಿ ಪಾಪರ್’ ಕಂತು ಪ್ರಸಾರವಾಯಿತು. ಸುಮಾರು ಎಂಟು ವರ್ಷಗಳಿಂದ ನೋಡುಗರಿಗೆ ಪರಿಚಿತನಾಗಿದ್ದ ಶಾಲೆಯ ಮುಖ್ಯೋಪಾಧ್ಯಾಯ ಸೀಮೋರ್ ಸ್ಕಿನ್ನರ್ ನಿಜವಾದ ಸ್ಕಿನ್ನರೇ ಅಲ್ಲವೆಂದು ಅದು ಹೇಳಿತು. ಯುದ್ಧದಲ್ಲಿ ಕಾಣೆಯಾದ ತನ್ನ ಸಾರ್ಜೆಂಟನ ಹೆಸರು ಹೊತ್ತು, ಆತನ ತಾಯಿಗೆ ಮಗನಾಗಿ ಬಾಳಿದ ಆರ್ಮಿನ್ ಟಾಮ್ಜೇರಿಯನ್ ಇವನು. ಅಭಿಮಾನಿಗಳಲ್ಲಿ ಎದ್ದ ಜಗಳ ಇಂದಿಗೂ ತಣ್ಣಗಾಗಿಲ್ಲ. ಸ್ಕಿನ್ನರನಿಗೆ ದನಿ ಕೊಟ್ಟ ಹ್ಯಾರಿ ಶಿಯರರ್ ಬಹಿರಂಗವಾಗಿಯೇ ಟೀಕಿಸಿದರು. ಬರೆದ ಕೆನ್ ಕೀಲರ್ ಮಾತ್ರ ಹಿಂದೆ ಸರಿಯಲಿಲ್ಲ. ಎಲ್ಲವೂ ಇದ್ದ ಹಾಗೇ ಇರಬೇಕೆಂದು ಬಯಸುವವರ ಕುರಿತೇ ತಾವು ಬರೆದದ್ದೆಂಬುದು ಅವರ ನಿಲುವು.

ಈ ಜಗಳವನ್ನು ಅಭಿರುಚಿಯ ಭೇದವೆಂದು ಬದಿಗಿಡುವುದು ಸರಿಯಲ್ಲ. ವಿರೋಧಿಗಳು ಮಾಡುತ್ತಿರುವುದು ಗ್ರಂಥಸಂಪಾದಕನ ಕೆಲಸ. ಹಿಂದುಮುಂದಿನ ಪದ್ಯಗಳೊಡನೆ ಹೊಂದದ ಪದ್ಯವನ್ನು ನಮ್ಮ ಸಂಪಾದಕರು ಪ್ರಕ್ಷಿಪ್ತವೆಂದು ಶಂಕಿಸುವ ಹಾಗೆಯೇ, ಅವರು ಈ ಕಂತನ್ನು ಮೂಲದಿಂದ ಹೊರಗಿಡುತ್ತಾರೆ. ತೊಡಕಿರುವುದು ಇಲ್ಲೇ: ಪ್ರಕ್ಷೇಪವೆನ್ನಲು ಪರಹಸ್ತ ಬೇಕು, ಇಲ್ಲಿ ಅದಿಲ್ಲ. ಕಂತು ಅದೇ ತಂಡದ್ದು, ಅದೇ ವಾಹಿನಿಯದು. ಇನ್ನೂ ವಿಶೇಷವೆಂದರೆ, ಕೊನೆಯಲ್ಲಿ ಊರಿನವರು ಮರಳಿ ಬಂದ ನಿಜವಾದ ಸ್ಕಿನ್ನರನನ್ನು ರೈಲಿಗೇರಿಸಿ ಕಳಿಸುತ್ತಾರೆ. ಹಳೆಯ ಹೆಸರೇ ಊರ್ಜಿತ, ಈ ಸಂಗತಿಯನ್ನು ಇನ್ನು ಯಾರೂ ಎತ್ತಕೂಡದು ಎಂದು ನ್ಯಾಯಾಧೀಶ ಆಜ್ಞೆ ಹೊರಡಿಸುತ್ತಾನೆ. ಪಠ್ಯವೇ ತನ್ನನ್ನು ಹೊಡೆದುಹಾಕಿಕೊಂಡಿದೆ. ಆದರೂ ಹೊಡೆದ ಗೆರೆಯಡಿಯ ಅಕ್ಷರಗಳು ಓದಲು ಸಿಗುತ್ತವೆ. 2004ರ ಕಂತೊಂದರಲ್ಲಿ ಸ್ಕಿನ್ನರನ ಶಾಲೆಯ ಹುಡುಗಿ ಲೀಸಾ ತನ್ನ ಹೊಸ ಬೆಕ್ಕಿಗೆ ಹಳೆಯ ಬೆಕ್ಕಿನ ಹೆಸರನ್ನೇ ಇಡುತ್ತಾಳೆ. ಇದು ಮೋಸವಲ್ಲವೇ ಎನ್ನುವ ಸ್ಕಿನ್ನರನನ್ನು ಆಕೆ ಟಾಮ್ಜೇರಿಯನ್ ಎಂದು ಕರೆದಾಗ ಅವನ ಬಾಯಿ ಕಟ್ಟುತ್ತದೆ. ಅಳಿಸಿದ್ದನ್ನು ಬಲ್ಲವರಿಗೆ ಮಾತ್ರ ಆ ನಗೆ ದಕ್ಕೀತು.

ಪಠ್ಯವನ್ನು ನಿಜವಾಗಿಯೂ ಕೆತ್ತಿಹಾಕಿದರೆ ಏನಾಗುತ್ತದೆಂಬುದಕ್ಕೆ 1993ರ ‘ಡಫ್‌ಲೆಸ್’ ಕಂತು ಸಾಕ್ಷಿ. ಬಿಯರ್ ಕಾರ್ಖಾನೆಯಲ್ಲಿ ಡಫ್, ಡಫ್ ಲೈಟ್, ಡಫ್ ಡ್ರೈ ಎಂದು ಬರೆದ ಮೂರು ತೊಟ್ಟಿಗಳು. ಮೇಲಿಂದ ಮೂರಕ್ಕೂ ಬಂದು ಬೀಳುವುದು ಒಂದೇ ಕೊಳವೆಯ ಬಿಯರ್. ಹಾಸ್ಯವಿರುವುದು ಆ ಕೊಳವೆಯಲ್ಲಿ, ಮಾತಿನಲ್ಲಲ್ಲ. 2019ರ ನವೆಂಬರಿನಲ್ಲಿ ಡಿಸ್ನಿ ಪ್ಲಸ್ ಹಳೆಯ ಕಂತುಗಳನ್ನು ಅಗಲ ಪರದೆಗೆ ಹೊಂದಿಸಲು ಚಿತ್ರದ ಮೇಲಂಚು, ಕೆಳಅಂಚುಗಳನ್ನು ಕತ್ತರಿಸಿತು. ಕೊಳವೆ ಹೋಯಿತು, ತೊಟ್ಟಿಗಳು ಉಳಿದವು. ಅಭಿಮಾನಿಗಳು ಮೂಲ ಚಿತ್ರವನ್ನೂ ಕತ್ತರಿಸಿದ್ದನ್ನೂ ಅಕ್ಕಪಕ್ಕ ಇಟ್ಟು ತೋರಿಸಿದರು. 2020ರ ಮೇ ಕೊನೆಗೆ 4:3 ಅಳತೆಯ ಮೂಲರೂಪ ಆಯ್ಕೆಯಾಗಿ ಮರಳಿತು. ಎರಡು ಪಾಠಗಳನ್ನು ಹೋಲಿಸಲು ಬಂದದ್ದರಿಂದಲೇ ಇದು ಸಾಧ್ಯವಾಯಿತು.

ವಿಡಿಯೊ ಗೇಮಿನಲ್ಲಿ ಹೋಲಿಕೆಯ ಈ ನೆಲವೇ ಕುಸಿಯುತ್ತದೆ. ಎಲೆಕ್ಟ್ರಾನಿಕ್ ಆರ್ಟ್ಸ್ 2012ರಲ್ಲಿ ಹೊರತಂದ ‘ದಿ ಸಿಂಪ್ಸನ್ಸ್: ಟ್ಯಾಪ್ಡ್ ಔಟ್’ ಮೊಬೈಲ್ ಗೇಮಿನಲ್ಲಿ, ಲೀಸಾಳ ತಂದೆ ಹೋಮರ್ ತನ್ನ ಅಜಾಗರೂಕತೆಯಿಂದ ನಾಶಮಾಡಿದ ತಮ್ಮೂರು ಸ್ಪ್ರಿಂಗ್‌ಫೀಲ್ಡನ್ನು ಆಟಗಾರ ಒಂದೊಂದೇ ಮನೆಯಾಗಿ ಮತ್ತೆ ಕಟ್ಟಬೇಕಿತ್ತು. ಅಕ್ಟೋಬರ್ ಅಪ್‌ಡೇಟಿನಲ್ಲಿ ಊರಿಗೆ ಹ್ಯಾಲೋವೀನ್ ಕಳೆ. ಡಿಸೆಂಬರಿನಲ್ಲಿ ನೆಲವೆಲ್ಲ ಹಿಮ. ಹಬ್ಬ ಮುಗಿದ ಮೇಲಿನ ಅಪ್‌ಡೇಟ್ ಆ ಹಿಮವನ್ನು ಒಯ್ಯುತ್ತಿತ್ತು. ಹೊಸ ಪಾಠ ಹಳೆಯದರ ಪಕ್ಕದಲ್ಲಿ ನಿಲ್ಲದೆ ಅದರ ಜಾಗದಲ್ಲೇ ಬಂದು ಕೂರುತ್ತಿತ್ತು. ಓಲೆಗರಿಯಲ್ಲಾದರೆ ಲಿಪಿಕಾರ ತಿದ್ದಿದ ಮೇಲೂ ಅವನ ಮುಂದಿದ್ದ ಮಾತೃಕೆ ಉಳಿಯುವ ಸಂಭವವಿತ್ತು, ಇನ್ನೊಂದು ಮಠದಲ್ಲಿ ಇನ್ನೊಂದು ಪ್ರತಿ ಸಿಕ್ಕೀತೆಂಬ ಆಸೆಯಿತ್ತು. ಇಲ್ಲಿ ಪಾಠದ ಕೀಲಿ ಕಂಪನಿಯ ಸರ್ವರಿನಲ್ಲಿತ್ತು. 2025ರ ಜನವರಿ 24ರಂದು ಆ ಸರ್ವರ್ ನಿಂತಾಗ, ಹನ್ನೆರಡು ವರ್ಷ ಕಾಯ್ದುಕೊಂಡು ಬಂದ ಊರುಗಳು ಒಮ್ಮೆಗೇ ಆಟಗಾರರ ಕೈತಪ್ಪಿದವು.

ಕೀಲರ್ ಕಂತನ್ನು ದ್ವೇಷಿಸುವವರಿಗೂ ಅದರ ಡಿವಿಡಿ ಸಿಗುತ್ತದೆ, ಮೆಚ್ಚುವವರಿಗೂ ಅದೇ ಡಿವಿಡಿ. ಇಬ್ಬರೂ ಬೆರಳಿಟ್ಟು ತೋರಿಸುವುದು ಒಂದೇ ದೃಶ್ಯವನ್ನು. ಟ್ಯಾಪ್ಡ್ ಔಟ್‌ನ ಯಾವ ಅಪ್‌ಡೇಟ್ ಊರನ್ನು ಚಂದಗಾಣಿಸಿತು, ಯಾವುದು ಕೆಡಿಸಿತು ಎಂದು ವಾದಿಸುವವರ ಕೈಯಲ್ಲಿ ಉಳಿದಿರುವುದು ಆಟಗಾರರು ತೆಗೆದಿಟ್ಟುಕೊಂಡ ಚಿತ್ರಗಳು, ವಿಡಿಯೊಗಳು. ಅಂಥವನ್ನು ಕಾಲಾನುಕ್ರಮದಲ್ಲಿ ಜೋಡಿಸಿ, ಯಾವ ಅಪ್‌ಡೇಟಿನವೆಂದು ಗುರುತು ಹಾಕಿ, ಪಾಠಾಂತರ ಸಹಿತ ಸಂಪಾದಿಸುವ ಕೆಲಸವನ್ನು ಸಂಶೋಧಕರು ಈಗಲೇ ಕೈಗೆತ್ತಿಕೊಳ್ಳಬೇಕು. ತೆಗೆದವರ ಹಳೆಯ ಫೋನುಗಳು ಇನ್ನೂ ಚಾರ್ಜ್ ಆಗುತ್ತಿರುವಾಗಲೇ.